ಎಲುಬಿನ ಮನೆಗಳು, ಹೆಸರಿನ ಹಂಬಲ: ಪುಸ್ತಕಪ್ರಿಯರ ಪ್ರಶ್ನೋತ್ತರ

ನವೆಂಬರ್ 2 ಕ್ಯಾಥೊಲಿಕ್ ಕ್ರೈಸ್ತರಿಗೆ ಅಗಲಿದವರನ್ನು ನೆನೆಯುವ ದಿನ. ಅದರ ಆಸುಪಾಸಿನಲ್ಲಿ ಚರ್ಚು, ಸ್ಮಶಾನ, ಸತ್ತವರ ಎಲುಬುಗಳ ಕುರಿತ ಪುಸ್ತಕಗಳನ್ನು ವಿಚಾರಿಸಿ ಹಲವು ಪತ್ರಗಳು ಬಂದಿದ್ದರಿಂದ, ಈ ಸಲದ ಅಂಕಣವನ್ನು ಆ ಒಂದೇ ವಿಷಯಕ್ಕೆ ಮೀಸಲಿಟ್ಟಿದ್ದೇವೆ.

ಪ್ರಶ್ನೆ: ಜೆಕ್ ದೇಶದ ಒಂದು ಚರ್ಚಿನಲ್ಲಿ ಮನುಷ್ಯರ ಎಲುಬುಗಳಿಂದಲೇ ತೂಗುದೀಪ ಮಾಡಿ ನೇತುಹಾಕಿರುವುದನ್ನು ಮಗ ಮೊಬೈಲಿನಲ್ಲಿ ತೋರಿಸಿದ. ಇದು ನಿಜವೇ? ಸತ್ತವರಿಗೆ ಇದಕ್ಕಿಂತ ದೊಡ್ಡ ಅಪಚಾರ ಇದೆಯೇ? ನಂಬಿ ಓದಬಹುದಾದ ಪುಸ್ತಕವಿದ್ದರೆ ತಿಳಿಸಿ. (ಓದುಗರೊಬ್ಬರು, ಮೈಸೂರು)

ಉತ್ತರ: ನಿಜ. ಅದು ಪ್ರಾಗ್ ನಗರದ ಪೂರ್ವಕ್ಕಿರುವ, ಒಂದು ಕಾಲಕ್ಕೆ ಬೆಳ್ಳಿ ಗಣಿಗಳಿಂದ ಸಿರಿವಂತವಾಗಿದ್ದ ಕುಟ್ನಾ ಹೋರಾ ಎಂಬ ಊರಿನ ಸೆಡ್ಲೆಟ್ಸ್ ಭಾಗದಲ್ಲಿದೆ. ಅಪಚಾರವೋ ಅಲ್ಲವೋ ಎಂದು ತೀರ್ಮಾನಿಸುವ ಮೊದಲು ಆ ಎಲುಬುಗಳು ಅಲ್ಲಿಗೆ ಬಂದ ಬಗೆಯನ್ನು ತಿಳಿಯಬೇಕು. 1278ರಲ್ಲಿ ಅಲ್ಲಿನ ಸಿಸ್ಟರ್ಸಿಯನ್ ಎಂಬ ಕ್ಯಾಥೊಲಿಕ್ ಸನ್ಯಾಸಿ ಸಂಘದ ಮಠದ ಅಧಿಪತಿ ಜೆರುಸಲೇಮಿನ ಯಾತ್ರೆಗೆ ಹೋಗಿ ಬರುವಾಗ, ಯೇಸುವನ್ನು ಶಿಲುಬೆಗೇರಿಸಿದ ಗೊಲ್ಗೊಥಾದಿಂದ ಒಂದು ಹಿಡಿ ಮಣ್ಣು ತಂದು ಮಠದ ಸ್ಮಶಾನದಲ್ಲಿ ಚೆಲ್ಲಿದನೆಂದು ಪ್ರತೀತಿ. ಅಂದಿನಿಂದ ದೂರದೂರದವರೂ ತಮ್ಮ ಹೆಣ ಅಲ್ಲಿಯೇ ಮಣ್ಣಾಗಲಿ ಎಂದು ಬಯಸತೊಡಗಿದರು. ಕಾಶಿಯಲ್ಲಿ ಕಣ್ಣು ಮುಚ್ಚಬೇಕೆಂಬ ಆಸೆಯನ್ನು ಕೇಳಿ ಬೆಳೆದ ನಮಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. 14ನೆಯ ಶತಮಾನದ ಪ್ಲೇಗು, ಅದರ ಬೆನ್ನಿಗೆ 15ನೆಯ ಶತಮಾನದ ಹುಸ್ಸೈಟ್ ಯುದ್ಧಗಳೆಂಬ ಮತೀಯ ಕಾಳಗಗಳು ಆ ಸ್ಮಶಾನವನ್ನು ತುಂಬಿಸಿಬಿಟ್ಟವು. ಅಲ್ಲಿಯೇ ಚರ್ಚು ಕಟ್ಟಿದಾಗ, ಅಗೆದಂತೆಲ್ಲ ಸಿಕ್ಕ ಎಲುಬುಗಳನ್ನು ಎಸೆಯಲಾಗದೆ, ಅದೇ ಚರ್ಚಿನ ಕೆಳ ಅಂತಸ್ತಿನಲ್ಲಿ ಪೇರಿಸಿಟ್ಟರು. ಇಲ್ಲಿಯವರೆಗೆ ನಡೆದದ್ದರಲ್ಲಿ ನನಗೆ ಅಪಚಾರ ಕಾಣುವುದಿಲ್ಲ. ಜಾಗ ಸಾಲದ ಮನೆಯಲ್ಲಿ ಹಿರಿಯರಿಗೆ ಮಾಡಿಕೊಟ್ಟ ಮೂಲೆಯಷ್ಟೆ ಅದು.

ತೂಗುದೀಪ ಬಹಳ ಕಾಲದ ನಂತರದ್ದು. ಜಾಗದ ಒಡೆತನ ಶ್ವಾರ್ಜನ್‌ಬರ್ಗ್ ಎಂಬ ಜಮೀನ್ದಾರಿ ಮನೆತನಕ್ಕೆ ಸೇರಿದ ಮೇಲೆ, ಆ ಮನೆತನದವರು ನೇಮಿಸಿದ ಫ್ರಾಂಟಿಷೆಕ್ ರಿಂಟ್ ಎಂಬ ಮರಗೆತ್ತನೆಯ ಕುಶಲಕರ್ಮಿ 1870ರಲ್ಲಿ ಆ ಎಲುಬುಗಳನ್ನು ಇಂದಿನ ರೂಪಕ್ಕೆ ತಂದ. ಮನುಷ್ಯ ದೇಹದ ಪ್ರತಿಯೊಂದು ಬಗೆಯ ಎಲುಬೂ ಆ ದೀಪದ ಗೊಂಚಲಿನಲ್ಲಿದೆ ಎನ್ನುತ್ತಾರೆ. ಒಡೆಯರ ಕುಲಲಾಂಛನವನ್ನೂ ಆತ ಎಲುಬಿನಲ್ಲಿಯೇ ಜೋಡಿಸಿದ. ಅದರಲ್ಲಿ ಒಂದು ಕಾಗೆ ತುರ್ಕಿ ಸೈನಿಕನ ಕಣ್ಣನ್ನು ಕುಕ್ಕುತ್ತಿದೆ. ಕೆಲಸ ಮುಗಿದ ಮೇಲೆ ಗೋಡೆಯ ಮೇಲೆ ತನ್ನ ಹೆಸರನ್ನೂ ವರ್ಷವನ್ನೂ ಸಣ್ಣ ಎಲುಬುಗಳಲ್ಲಿ ಬರೆದ. 40,000ದಿಂದ 70,000 ಜನರ ಅವಶೇಷಗಳಿವೆ ಎಂದು ಅಂದಾಜಿರುವ ಆ ಕೋಣೆಯಲ್ಲಿ ಎಲುಬಿನಿಂದ ಬರೆಸಿಕೊಂಡ ಹೆಸರು ಸತ್ತವರದ್ದಲ್ಲ, ಜೋಡಿಸಿದವನದು. ನಿಮ್ಮ ಪ್ರಶ್ನೆಯ ಅಪಚಾರ ಎಂಬ ಮಾತು ಎಲ್ಲಿಗಾದರೂ ಸಲ್ಲುವುದಾದರೆ ಇಲ್ಲಿಗೆ ಸಲ್ಲುತ್ತದೆ.

ಪುಸ್ತಕ ಬೇಕೆಂದರೆ ಅಮೆರಿಕದ ಕಲಾ ಇತಿಹಾಸಕಾರ, ಛಾಯಾಗ್ರಾಹಕ ಪಾಲ್ ಕೌಡೌನಾರಿಸ್ ಅವರ ‘ದಿ ಎಂಪೈರ್ ಆಫ್ ಡೆತ್’ (2011) ಇದೆ. ಚಿತ್ರಗಳು ಬಹಳ ಚೆನ್ನಾಗಿವೆ, ಅದೇ ಅದರ ತೊಡಕೂ ಹೌದು: ಪುಟದ ಮೇಲೆ ಪುಟ ತಲೆಬುರುಡೆಗಳನ್ನು ನೋಡುತ್ತ ಹೋದರೆ ಅರ್ಧ ಗಂಟೆಯಲ್ಲಿ ಕಣ್ಣಿಗೆ ಅವು ಬರೀ ವಿನ್ಯಾಸವಾಗಿಬಿಡುತ್ತವೆ. ಆದ್ದರಿಂದ ಮೊದಲು ಬರಹವನ್ನು ಓದಿ, ಚಿತ್ರಗಳನ್ನು ದಿನಕ್ಕೆ ನಾಲ್ಕೈದರಂತೆ ನೋಡಿ.

ಪ್ರಶ್ನೆ: ನಮ್ಮ ಊರಿನ ಇಗರ್ಜಿಯ ಸ್ಮಶಾನದಲ್ಲಿ ಜಾಗ ಸಾಲದೆ ಹಳೆಯ ಗುಂಡಿಯನ್ನೇ ಮತ್ತೆ ತೆರೆಯುತ್ತಾರೆ. ಅಜ್ಜನ ಗುಂಡಿ ತೆಗೆದ ದಿನ ಅವರ ಎಲುಬುಗಳನ್ನು ಬಿಳಿ ಬಟ್ಟೆಯಲ್ಲಿ ಕಟ್ಟಿ ಬದಿಗಿಟ್ಟಿದ್ದನ್ನು ನೋಡಿ ನನ್ನ ತಾಯಿ ಬಹಳ ನೊಂದುಕೊಂಡರು. ಯುರೋಪಿನಲ್ಲಿಯೂ ಹೀಗೆಯೇ ಇತ್ತೇ? (ಓದುಗರೊಬ್ಬರು, ದಕ್ಷಿಣ ಕನ್ನಡ)

ಉತ್ತರ: ಹೀಗೆಯೇ ಇತ್ತು. ಒಬ್ಬನಿಗೆ ಒಂದು ಗುಂಡಿ, ಅದರ ಮೇಲೊಂದು ಕಲ್ಲು, ಅದು ಎಂದೆಂದಿಗೂ ಅವನದೇ ಎಂಬ ಏರ್ಪಾಡು ಸಾಮಾನ್ಯರ ಪಾಲಿಗೆ ಬಂದದ್ದು ತೀರ ಇತ್ತೀಚೆಗೆ. ಇದನ್ನು ಬಹಳ ವಿವರವಾಗಿ ತೋರಿಸಿಕೊಟ್ಟವರು ಫ್ರೆಂಚ್ ಇತಿಹಾಸಕಾರ ಫಿಲಿಪ್ ಆರಿಯೆಸ್. 1977ರಲ್ಲಿ ಬಂದ ಅವರ ಗ್ರಂಥ 1981ರಲ್ಲಿ ‘ದಿ ಅವರ್ ಆಫ್ ಅವರ್ ಡೆತ್’ ಎಂಬ ಹೆಸರಿನಲ್ಲಿ ಇಂಗ್ಲಿಷಿಗೆ ಬಂತು. ಅವರು ಹೇಳುವ ಪ್ರಕಾರ ಮಧ್ಯಯುಗದ ಕ್ರೈಸ್ತನಿಗೆ ಮುಖ್ಯವಾಗಿದ್ದದ್ದು ತನ್ನ ಎಲುಬು ಯಾವ ಗುಂಡಿಯಲ್ಲಿದೆ ಎಂಬುದಲ್ಲ, ಚರ್ಚಿನ ಆವರಣದೊಳಗೆ, ಸಂತರ ಅವಶೇಷಗಳ ನೆರಳಿನಲ್ಲಿದೆಯೇ ಎಂಬುದು. ಪ್ಯಾರಿಸ್ಸಿನ ‘ಇನೊಸೆಂಟ್ಸ್’ ಸ್ಮಶಾನದ ಸುತ್ತ ಎಲುಬು ತುಂಬಿದ ಅಟ್ಟಗಳಿದ್ದವು. ಅವುಗಳ ಕೆಳಗಿನ ಮೊಗಸಾಲೆಯಲ್ಲಿಯೇ ಅಕ್ಷರ ಬಾರದವರಿಗೆ ಕಾಗದ ಬರೆದುಕೊಡುವವರೂ ವ್ಯಾಪಾರಿಗಳೂ ಕುಳಿತಿರುತ್ತಿದ್ದರು. ಆ ಸ್ಮಶಾನವನ್ನು 1780ರಲ್ಲಿ ಮುಚ್ಚಿದರು; ಅಲ್ಲಿನ ಎಲುಬುಗಳು ಮುಂದೆ ಊರಿನಡಿಯ ಹಳೆಯ ಕಲ್ಲುಗಣಿಗಳನ್ನು ಸೇರಿದವು. ಇಂದು ಪ್ರವಾಸಿಗರು ಟಿಕೆಟ್ ತೆಗೆದು ಇಳಿಯುವ ಕ್ಯಾಟಕೂಂಬ್ ಅದೇ.

ನಿಮ್ಮ ತಾಯಿಯವರಿಗೆ ಮಾತ್ರ ನಾನು ಪ್ಯಾರಿಸ್ಸಿನ ಕತೆ ಹೇಳುವುದಿಲ್ಲ, ಆಸ್ಟ್ರಿಯಾದ ಹಾಲ್‌ಸ್ಟಾಟ್ ಎಂಬ ಹಳ್ಳಿಯದನ್ನು ಹೇಳುತ್ತೇನೆ. ಹಿಂದೆ ಕಡಿದಾದ ಬೆಟ್ಟ, ಮುಂದೆ ಕೆರೆ, ನಡುವೆ ಸೆರಗಿನಷ್ಟು ನೆಲ. ಸ್ಮಶಾನವನ್ನು ಹಿಗ್ಗಿಸಲು ಎಡೆಯೇ ಇಲ್ಲದ ಊರು. ಹತ್ತಿಪ್ಪತ್ತು ವರ್ಷ ಕಳೆದ ಮೇಲೆ ಗುಂಡಿ ತೆರೆದು, ಬುರುಡೆಯನ್ನು ತೊಳೆದು, ದಂತದ ಬಣ್ಣಕ್ಕೆ ತಿರುಗುವವರೆಗೆ ವಾರಗಟ್ಟಲೆ ಬಯಲಿನಲ್ಲಿಟ್ಟು, ಆ ಬಳಿಕ ಹಣೆಗೆ ಬಣ್ಣದಲ್ಲಿ ಎಲೆಗಳ ಮಾಲೆಯನ್ನೋ ಗುಲಾಬಿಯನ್ನೋ ಬಿಡಿಸುತ್ತಿದ್ದರು. ಅದರೊಡನೆ ಸತ್ತವರ ಹೆಸರು, ಸತ್ತ ವರ್ಷ. ಅಲ್ಲಿನ ಸಂತ ಮೈಕೇಲರ ಚಿಕ್ಕ ಚಾಪೆಲಿನಲ್ಲಿ 1,200ಕ್ಕೂ ಹೆಚ್ಚು ಬುರುಡೆಗಳಿವೆ, ಬಣ್ಣ ಬರೆದವು 610. ಅವುಗಳನ್ನು ಮನೆತನದ ಪ್ರಕಾರ ಹತ್ತಿರ ಹತ್ತಿರ ಇಟ್ಟಿದ್ದಾರೆ. ಕೆಳಗೆ ತೊಡೆಯ ಮೂಳೆಗಳನ್ನು ಮಳೆಗಾಲದ ಸೌದೆಯಂತೆ ಒಪ್ಪವಾಗಿ ಪೇರಿಸಿದ್ದಾರೆ. ಜರ್ಮನ್ ಭಾಷೆಯಲ್ಲಿ ಈ ಜಾಗಕ್ಕಿರುವ ಹೆಸರಿನ ಅರ್ಥ ನೇರವಾಗಿ ‘ಎಲುಬಿನ ಮನೆ’ ಎಂದೇ. ಕೊನೆಯ ಬುರುಡೆ 1983ರಲ್ಲಿ ತೀರಿಕೊಂಡ ಒಬ್ಬ ಮಹಿಳೆಯದು. ಅವರು ತಾವೇ ಬಯಸಿದ್ದರಿಂದ 1995ರಲ್ಲಿ ಅದನ್ನು ಅಲ್ಲಿ ತಂದಿರಿಸಿದರು. ಅದರ ಒಂದು ಹಲ್ಲು ಚಿನ್ನದ್ದು. 1963ರಲ್ಲಿ ಕ್ಯಾಥೊಲಿಕ್ ಚರ್ಚು ದಹನಕ್ಕೆ ಒಪ್ಪಿಗೆ ಕೊಟ್ಟ ಮೇಲೆ ಜಾಗದ ಒತ್ತಡ ತಗ್ಗಿ, ಈ ಪದ್ಧತಿ ತಾನಾಗಿಯೇ ಕ್ಷೀಣಿಸಿತು.

ಎಲುಬನ್ನು ಹೊರತೆಗೆದದ್ದು ಎರಡೂ ಕಡೆ ಒಂದೇ. ಸೆಡ್ಲೆಟ್ಸ್‌ನಲ್ಲಿ ಹೆಸರು ಅಳಿಯಿತು, ಹಾಲ್‌ಸ್ಟಾಟ್‌ನಲ್ಲಿ ಹಣೆಯ ಮೇಲೆ ಉಳಿಯಿತು. ನಿಮ್ಮ ಅಜ್ಜನ ಹೆಸರನ್ನು ಸ್ಮಶಾನದ ಗೋಡೆಯಲ್ಲಿ ಒಂದು ಚಿಕ್ಕ ಕಲ್ಲಿನ ಮೇಲೆ ಕೆತ್ತಿಸಲು ಸಾಧ್ಯವೇ ಎಂದು ಫಾದರ್ ಅವರನ್ನು ಒಮ್ಮೆ ಕೇಳಿ ನೋಡಿ. ಪುಸ್ತಕದ ಅಂಕಣದಲ್ಲಿ ಇಂಥ ಸಲಹೆ ಕೊಡುವುದು ಅಧಿಕಪ್ರಸಂಗವಾದರೆ ಮನ್ನಿಸಿ.

ಪ್ರಶ್ನೆ: ಮನೆಯಲ್ಲಿ ಚಿಕ್ಕ ಮಕ್ಕಳಿರುವಾಗ ಇಂಥ ಚಿತ್ರಪುಸ್ತಕಗಳನ್ನು ಇಡಬಹುದೇ? (ಓದುಗರೊಬ್ಬರು, ಬೆಂಗಳೂರು)

ಉತ್ತರ: ಇಡಬಹುದು. ಹೆದರುವವರು ಸಾಮಾನ್ಯವಾಗಿ ದೊಡ್ಡವರೇ.

ಪ್ರಶ್ನೆ: ಅಸ್ಥಿಯನ್ನು ಗೋಕರ್ಣದಲ್ಲೋ ಶ್ರೀರಂಗಪಟ್ಟಣದ ಸಂಗಮದಲ್ಲೋ ಬಿಟ್ಟು, ಹಿಂತಿರುಗಿ ನೋಡದೆ ಬರುವ ನಮ್ಮಂಥವರಿಗೆ ಈ ಪುಸ್ತಕಗಳಿಂದ ಆಗಬೇಕಾದ್ದೇನು? (ಓದುಗರೊಬ್ಬರು, ತುಮಕೂರು)

ಉತ್ತರ: ತಾನು ಸತ್ತರೆ ಹೆಣವನ್ನು ಗೋಡೆಯಾಚೆ ಎಸೆಯಿರಿ, ಪ್ರಾಣಿಗಳು ತಿನ್ನಲಿ ಎಂದನಂತೆ ಗ್ರೀಕ್ ತತ್ತ್ವಜ್ಞಾನಿ ಡಯೋಜಿನಿಸ್. ತರ್ಕದಲ್ಲಿ ಅವನನ್ನು ಸೋಲಿಸುವುದು ಕಷ್ಟ, ಆದರೂ ಅವನ ಮಾತನ್ನು ಯಾವ ಸಮಾಜವೂ ಒಪ್ಪಲಿಲ್ಲ, ಏಕೆ ಎಂಬ ಪ್ರಶ್ನೆಯನ್ನು ಹಿಡಿದು ಹೊರಡುತ್ತದೆ ಇತಿಹಾಸಕಾರ ಥಾಮಸ್ ಲಾಕರ್ ಅವರ ‘ದಿ ವರ್ಕ್ ಆಫ್ ದಿ ಡೆಡ್’ (2015). 700ಕ್ಕೂ ಹೆಚ್ಚು ಪುಟಗಳ ಈ ಗ್ರಂಥದಲ್ಲಿ ಚರ್ಚಿನ ಅಂಗಳದ ಸ್ಮಶಾನ, ಆಮೇಲೆ ಬಂದ ಊರಾಚೆಯ ಸ್ಮಶಾನ, ಕೊನೆಗೆ ಆಧುನಿಕ ಚಿತಾಗಾರದ ಹಿಂದಿನ ಚಿಂತನೆ ಇವೆಲ್ಲ ಬರುತ್ತವೆ. ಸತ್ತವರ ಹೆಸರುಗಳನ್ನು ಪಟ್ಟಿ ಮಾಡುವ ರೂಢಿಯ ಕುರಿತ ಭಾಗವನ್ನಾದರೂ ತಪ್ಪದೆ ಓದಿ. ಎಲುಬನ್ನು ಇಟ್ಟುಕೊಳ್ಳದವರು ಸತ್ತವರನ್ನು ಮರೆತರೆಂದೇನೂ ಅಲ್ಲ: ಕನ್ನಡ ನಾಡಿನ ವೀರಗಲ್ಲುಗಳ ಅಡಿಯಲ್ಲಿ ಎಲುಬಿರಬೇಕೆಂಬ ನಿಯಮವಿಲ್ಲ, ಹೆಸರಿದ್ದರೆ ಸಾಕು. ಮದ್ದೂರು ತಾಲ್ಲೂಕಿನ ಆತಕೂರಿನಲ್ಲಿ ಸುಮಾರು 949ರಲ್ಲಿ ನಿಲ್ಲಿಸಿದ ಕಲ್ಲಿನ ಮೇಲಂತೂ ಹಂದಿಯೊಡನೆ ಕಾದಾಡಿ ಸತ್ತ ‘ಕಾಳಿ’ ಎಂಬ ನಾಯಿಯ ಹೆಸರೂ ಇದೆ.

ಪ್ರಶ್ನೆ: ಹಳೆ ಗೋವಾದ ಪಾಳುಬಿದ್ದ ಚರ್ಚಿನಲ್ಲಿ ಯಾವುದೋ ದೂರದೇಶದ ರಾಣಿಯ ಎಲುಬು ಸಿಕ್ಕಿತೆಂದು ಗೈಡ್ ಹೇಳಿದರು. ಕಟ್ಟುಕತೆಯೋ ನಿಜವೋ? (ಓದುಗರೊಬ್ಬರು, ಕಾರವಾರ)

ಉತ್ತರ: ಗೈಡುಗಳು ಹೇಳುವುದೆಲ್ಲ ಕಟ್ಟುಕತೆಯಲ್ಲ, ಇದು ನಿಜ. ಜಾರ್ಜಿಯಾದ ರಾಣಿ ಕೆಟೆವಾನ್ ಮತಾಂತರಕ್ಕೆ ಒಪ್ಪದಿದ್ದುದರಿಂದ, 1624ರಲ್ಲಿ ಪರ್ಷಿಯಾದ ಶಿರಾಜ್‌ನಲ್ಲಿ ಶಾಹ್ ಅಬ್ಬಾಸನ ಆಜ್ಞೆಯಂತೆ ಆಕೆಯನ್ನು ಚಿತ್ರಹಿಂಸೆ ಕೊಟ್ಟು ಕೊಂದರು. ಅಲ್ಲಿದ್ದ ಪೋರ್ಚುಗೀಸ್ ಆಗಸ್ಟಿನಿಯನ್ ಸನ್ಯಾಸಿಗಳು ಆಕೆಯ ದೇಹವನ್ನು ಗುಟ್ಟಾಗಿ ಅಗೆದು ತೆಗೆದು, ಅವಶೇಷಗಳಲ್ಲಿ ಒಂದಂಶವನ್ನು 1627ರಲ್ಲಿ ಗೋವಾಕ್ಕೆ ತಂದರು. ಸಂತ ಆಗಸ್ಟೀನರ ಮಠದ ಸಭಾಗೃಹದಲ್ಲಿ, ಎರಡನೆಯ ಕಿಟಕಿಯ ಬಳಿ, ಕಪ್ಪು ಕಲ್ಲಿನ ಪೆಟ್ಟಿಗೆಯೊಳಗೆ ಅದನ್ನು ಇಟ್ಟಿದ್ದೇವೆಂದು ಹಳೆಯ ಪೋರ್ಚುಗೀಸ್ ದಾಖಲೆಗಳಲ್ಲಿ ಬರೆದಿಟ್ಟರು. ಎರಡು ಶತಮಾನಗಳ ನಂತರ, 1835ರಲ್ಲಿ, ಪೋರ್ಚುಗೀಸ್ ಸರಕಾರವೇ ಸನ್ಯಾಸಿ ಸಂಘಗಳನ್ನು ಹೊರಹಾಕಿದ್ದರಿಂದ ಚರ್ಚು ಅನಾಥವಾಯಿತು. 1842ರಲ್ಲಿ ಅದರ ಕಮಾನು ಕುಸಿಯಿತು. ಇಂದು ನೀವು ನೋಡುವುದು ಉಳಿದ ಒಂಟಿ ಗೋಪುರವನ್ನು.

ಪುರಾತತ್ತ್ವ ಇಲಾಖೆಯವರು ಆ ದಾಖಲೆಯ ಮಾತನ್ನು ನಂಬಿ ಕಿಟಕಿಗಳನ್ನು ಗುರುತಿಸಿಕೊಂಡು ಅಗೆದಾಗ ತೋಳಿನ ಎಲುಬು ಸಿಕ್ಕಿತು. ಹೈದರಾಬಾದಿನ ಜೀವವಿಜ್ಞಾನ ಸಂಶೋಧನಾ ಕೇಂದ್ರವಾದ ಸಿಸಿಎಂಬಿಯ ವಿಜ್ಞಾನಿಗಳು ಅದರ ಮೈಟೊಕಾಂಡ್ರಿಯದ, ಎಂದರೆ ತಾಯಿಯ ಕಡೆಯಿಂದ ಬರುವ, ಡಿಎನ್‌ಎ ಪರೀಕ್ಷಿಸಿ, ಭಾರತೀಯರ ಮಾದರಿಗಳಲ್ಲಿ ಎಲ್ಲಿಯೂ ಕಾಣದ, ಜಾರ್ಜಿಯಾದವರಲ್ಲಿ ಕಾಣುವ ವಂಶಗುರುತನ್ನು ಅದರಲ್ಲಿ ಕಂಡುಕೊಂಡರು. 2021ರ ಜುಲೈಯಲ್ಲಿ ವಿದೇಶಾಂಗ ಸಚಿವ ಎಸ್. ಜೈಶಂಕರ್ ಜಾರ್ಜಿಯಾದ ರಾಜಧಾನಿ ಟಿಬಿಲಿಸಿಗೆ ಹೋಗಿ ಆ ಅವಶೇಷದ ಒಂದು ಭಾಗವನ್ನು ಆ ದೇಶಕ್ಕೆ ಒಪ್ಪಿಸಿದರು. ಮೂಳೆ ಕರಗಲಿಲ್ಲ ಎನ್ನುವುದಕ್ಕಿಂತ ಹೆಚ್ಚಾಗಿ, ‘ಎರಡನೆಯ ಕಿಟಕಿ’ ಎಂದು ಒಬ್ಬ ಬರೆದಿಟ್ಟನಲ್ಲ, ಆ ಒಂದು ಸಾಲು ನನ್ನನ್ನು ಬೆರಗುಗೊಳಿಸುತ್ತದೆ.

ಸತ್ತವರ ಎಲುಬನ್ನು ಹೀಗೆ ಊರಿಂದೂರಿಗೆ ಸಾಗಿಸುವುದೇಕೆ ಎಂಬುದನ್ನು ತಿಳಿಯಲು ಇತಿಹಾಸಕಾರ ಪ್ಯಾಟ್ರಿಕ್ ಗೀರಿ ಅವರ ‘ಫುರ್ಟಾ ಸಾಕ್ರಾ’ (1978) ಓದಿ. ಮಧ್ಯಯುಗದ ಯುರೋಪಿನಲ್ಲಿ ಸಂತರ ಅವಶೇಷಗಳನ್ನು ಕದ್ದು ತಂದ ಮಠದವರು, ಸಂತರಿಗೇ ಇಲ್ಲಿಗೆ ಬರುವ ಮನಸ್ಸಿತ್ತು, ಇಲ್ಲದಿದ್ದರೆ ನಮ್ಮ ಕೈಗೆ ಸಿಗುತ್ತಿದ್ದರೇ ಎಂದು ವಾದಿಸುತ್ತಿದ್ದರು. ಗಂಭೀರ ಸಂಶೋಧನೆಯೇ ಆದರೂ ಓದುವಾಗ ಅಲ್ಲಲ್ಲಿ ನಗು ತಡೆಯುವುದು ಕಷ್ಟ.

ಪ್ರಶ್ನೆ: ಚಿತ್ರಗಳಿಲ್ಲದೆ, ಬರಿಯ ಬರವಣಿಗೆಯ ಬಲದಿಂದ ನಿಲ್ಲುವ ಪುಸ್ತಕ ಈ ವಿಷಯದಲ್ಲಿ ಯಾವುದು? (ವಿದ್ಯಾರ್ಥಿನಿ, ಧಾರವಾಡ)

ಉತ್ತರ: ಇಂಗ್ಲೆಂಡಿನ ನಾರಿಚ್ ನಗರದ ವೈದ್ಯ ಥಾಮಸ್ ಬ್ರೌನ್ 1658ರಲ್ಲಿ ಪ್ರಕಟಿಸಿದ ‘ಹೈಡ್ರಿಯೊಟಾಫಿಯಾ’. ನಾರ್ಫೋಕಿನ ಒಂದು ಹೊಲದಲ್ಲಿ ಸುಟ್ಟ ಎಲುಬು ತುಂಬಿದ ನಲವತ್ತು ಐವತ್ತು ಮಡಕೆಗಳು ಸಿಕ್ಕಿದ್ದೇ ಅದಕ್ಕೆ ನೆಪ. ಅವು ರೋಮನ್ನರವು ಎಂದು ಆತ ಊಹಿಸಿದ; ಆ ಊಹೆ ತಪ್ಪು, ಅವು ಆಂಗ್ಲೊ-ಸ್ಯಾಕ್ಸನ್ ಜನರವು. ಆದರೆ ತಪ್ಪು ಊಹೆಯಿಂದ ಹೊರಟರೂ, ಸತ್ತ ಮೇಲೆ ಹೆಸರು ಉಳಿಯಬೇಕೆಂಬ ಮನುಷ್ಯನ ಹಂಬಲ ಎಷ್ಟು ದುರ್ಬಲವಾದದ್ದು ಎಂಬಲ್ಲಿಗೆ ಬಂದು ಮುಟ್ಟುವ ಅದರ ಐದನೆಯ ಅಧ್ಯಾಯ ಇಂಗ್ಲಿಷ್ ಗದ್ಯದ ಎತ್ತರಗಳಲ್ಲಿ ಒಂದು. ವಾಕ್ಯಗಳು ಉದ್ದ, ಪದಗಳು ಹಳೆಯವು; ಗಟ್ಟಿಯಾಗಿ ಓದಿಕೊಂಡರೆ ದಾರಿ ಬಿಡುತ್ತವೆ. ಹಕ್ಕುಸ್ವಾಮ್ಯ ಎಂದೋ ಮುಗಿದಿರುವುದರಿಂದ ದುಡ್ಡು ಕೊಡದೆಯೇ ಸಿಗುತ್ತದೆ.

ಮುನ್ನುಡಿಯ ಪತ್ರದಲ್ಲಿ ಬ್ರೌನ್, ತನ್ನ ಎಲುಬಿನ ಗತಿ ಏನೆಂದಾಗಲಿ, ತನ್ನನ್ನು ಎಷ್ಟು ಸಲ ಹೂಳುತ್ತಾರೆಂದಾಗಲಿ ಬಲ್ಲವರು ಯಾರು ಎಂದು ಕೇಳುತ್ತಾನೆ. ಆತ 1682ರಲ್ಲಿ ತೀರಿಕೊಂಡಾಗ ನಾರಿಚ್‌ನ ಸೇಂಟ್ ಪೀಟರ್ ಮ್ಯಾನ್‌ಕ್ರಾಫ್ಟ್ ಚರ್ಚಿನಲ್ಲಿ ಹೂಳಿದರು. 1840ರಲ್ಲಿ ಬೇರೊಂದು ಸಮಾಧಿಗಾಗಿ ಅಗೆಯುವಾಗ ಕೆಲಸಗಾರರಿಂದ ಆತನ ಶವಪೆಟ್ಟಿಗೆ ಒಡೆಯಿತು. ಬುರುಡೆ ಹೊರಗೆ ಹೋಯಿತು, ಮುಂದೆ ಆಸ್ಪತ್ರೆಯೊಂದರ ಸಂಗ್ರಹಾಲಯದಲ್ಲಿ ಪ್ರದರ್ಶನದ ವಸ್ತುವಾಗಿ ಕುಳಿತಿತು. ಕೊನೆಗೆ 1922ರಲ್ಲಿ ಅದನ್ನು ಅದೇ ಚರ್ಚಿಗೆ ತಂದು ಮತ್ತೆ ಹೂಳಿದಾಗ, ಸಮಾಧಿ ರಿಜಿಸ್ಟರಿನಲ್ಲಿ ಹೆಸರಿನ ಎದುರು ವಯಸ್ಸು 317 ವರ್ಷ ಎಂದು ನಮೂದಿಸಿದರು.