ತುರ್ತು ಪರಿಸ್ಥಿತಿಯಲ್ಲಿ ನಟಿ ಸ್ನೇಹಲತಾ ರೆಡ್ಡಿ ಅವರ ವೃತ್ತಿಜೀವನ ಏನಾಯಿತು?

ನಿಂತೇ ಹೋಯಿತು. ಮೂಲತಃ ಅವರು ರಂಗಭೂಮಿಯವರು. ಮದ್ರಾಸ್ ಪ್ಲೇಯರ್ಸ್ ತಂಡ ಕಟ್ಟಿದವರಲ್ಲಿ ಒಬ್ಬರು. ಪತಿ ಪಟ್ಟಾಭಿರಾಮ ರೆಡ್ಡಿ ನಿರ್ದೇಶಿಸಿದ 1970ರ ‘ಸಂಸ್ಕಾರ’ದ ಚಂದ್ರಿಯಾಗಿ ಕನ್ನಡಿಗರ ಮನಸ್ಸಿನಲ್ಲಿ ನೆಲೆಯೂರಿದರು. ಸೆನ್ಸಾರ್ ಮಂಡಳಿ ಮೊದಲು ತಡೆದಿದ್ದ ಆ ಚಿತ್ರಕ್ಕೇ ಬಳಿಕ ಅತ್ಯುತ್ತಮ ಚಿತ್ರದ ರಾಷ್ಟ್ರಪ್ರಶಸ್ತಿ ಬಂತು.

ದಂಪತಿ ಸಮಾಜವಾದಿ ಚಿಂತಕ ರಾಮಮನೋಹರ ಲೋಹಿಯಾ ಅವರ ಅನುಯಾಯಿಗಳು, ತುರ್ತು ಪರಿಸ್ಥಿತಿಯನ್ನು ವಿರೋಧಿಸಿದ ಸಮಾಜವಾದಿ ನಾಯಕ ಜಾರ್ಜ್ ಫರ್ನಾಂಡಿಸ್ ಅವರ ಆಪ್ತರು. ಸರ್ಕಾರದ ವಿರುದ್ಧ ಸ್ಫೋಟ ನಡೆಸಲು ಫರ್ನಾಂಡಿಸ್ ಮತ್ತು ಸಂಗಡಿಗರು ಸಂಚು ಹೂಡಿದರೆಂಬ ಬರೋಡಾ ಡೈನಮೈಟ್ ಪ್ರಕರಣದ ಜಾಡು ಹಿಡಿದ ಪೊಲೀಸರು 1976ರ ಮೇ ತಿಂಗಳಲ್ಲಿ ಸ್ನೇಹಲತಾ ಅವರನ್ನು ಬಂಧಿಸಿದರು. ಅಂತಿಮ ಆರೋಪಪಟ್ಟಿಯಲ್ಲಿ ಅವರ ಹೆಸರೇ ಇರಲಿಲ್ಲ! ಆದರೂ ವಿಚಾರಣೆಯಿಲ್ಲದೆ ಬಂಧನದಲ್ಲಿಡಲು ಅವಕಾಶವಿದ್ದ ಮೀಸಾ ಕಾಯ್ದೆಯಡಿ ಬೆಂಗಳೂರಿನ ಕೇಂದ್ರ ಕಾರಾಗೃಹದಲ್ಲಿ, ಅಂದರೆ ಈಗ ಫ್ರೀಡಂ ಪಾರ್ಕ್ ಇರುವ ಜಾಗದಲ್ಲಿ, ಎಂಟು ತಿಂಗಳು ಕೂಡಿಹಾಕಿದರು. ತೀವ್ರ ಆಸ್ತಮಾ ಇದ್ದವರಿಗೆ ಒಂಟಿ ಕೋಣೆ, ಸರಿಯಾದ ಚಿಕಿತ್ಸೆಯೂ ಇಲ್ಲ. ಇದನ್ನು ಬರೀ ಅಲಕ್ಷ್ಯ ಎನ್ನಲಾರೆ, ಇದು ಕ್ರೌರ್ಯ. ಅಂಥ ಸ್ಥಿತಿಯಲ್ಲೂ ಅವರು ಸೆರೆಮನೆಯ ಹೆಂಗಸರಿಗೆ ಒಳ್ಳೆಯ ಊಟ ಸಿಗಬೇಕೆಂದು ಹಟ ಹಿಡಿದರು, ದಿನಚರಿ ಬರೆದರು.

ಆರೋಗ್ಯ ತೀರಾ ಬಿಗಡಾಯಿಸಿದ ಮೇಲೆ, 1977ರ ಜನವರಿ 15ರಂದು ಪೆರೋಲ್ ಸಿಕ್ಕಿತು. 18ರಂದು ಇಂದಿರಾ ಗಾಂಧಿ ಚುನಾವಣೆ ಘೋಷಿಸಿದರು. 20ರಂದು ಸ್ನೇಹಲತಾ ತೀರಿಕೊಂಡರು. ಅವರ ಜೈಲಿನ ದಿನಚರಿ ಆಮೇಲೆ ಪುಸ್ತಕವಾಗಿ ಬಂದಿದೆ. ಅವರನ್ನು ಅರಿಯಬೇಕೆನ್ನುವವರು ಅದನ್ನೇ ಮೊದಲು ಓದಿ.