ಪುಸ್ತಕದಲ್ಲಿ ಸೀಮೋರ್ ಇಲ್ಲ, ಆದರೂ ಓದಿ

‘ಘೋಸ್ಟ್ ವರ್ಲ್ಡ್’ ಸಿನಿಮಾ ನೋಡಾಯ್ತು, ಇನ್ನು ಅದರ ಮೂಲ ಕಾಮಿಕ್ಸ್ ಪುಸ್ತಕ ಓದೋದು ದಂಡವಾ, ಸಿನಿಮಾದ ಸೀಮೋರ್ ಅದರಲ್ಲೂ ಇದ್ದಾನಾ ಅಂತ ಕೇಳಿದ್ದೀರಿ. ದಂಡವೇನಲ್ಲ, ಧಾರಾಳವಾಗಿ ಓದಿ. ಸೀಮೋರ್‌ನನ್ನು ಮಾತ್ರ ಹುಡುಕಬೇಡಿ. ಪುಸ್ತಕದಲ್ಲಿ ಈನಿಡ್, ರೆಬೆಕ್ಕಾ ಅನ್ನೋ ಇಬ್ಬರು ಹುಡುಗಿಯರು ಪತ್ರಿಕೆಯ ಜಾಹೀರಾತು ನೋಡಿ ಒಬ್ಬನನ್ನು ಸುಳ್ಳು ಫೋನ್ ಮಾಡಿ ಹೋಟೆಲಿಗೆ ಕರೆಸಿ, ದೂರದಿಂದ ಮಜಾ ನೋಡ್ತಾರೆ. ಆ ಪಾಪದವನು ಅಷ್ಟಕ್ಕೇ ಮಾಯ. 2001ರ ಸಿನಿಮಾದಲ್ಲಿ ನಿರ್ದೇಶಕ ಟೆರ್ರಿ ಜ್ವಿಗಾಫ್ ಮತ್ತು ಮೂಲ ಲೇಖಕ ಡೇನಿಯಲ್ ಕ್ಲೋವ್ಸ್ ಸೇರಿ ಆ ಎಳೆಯನ್ನೇ ಹಿಗ್ಗಿಸಿ, ಹಳೇ ರೆಕಾರ್ಡ್ ಕೂಡಿಡುವ ಸೀಮೋರ್‌ನನ್ನು ಕಟ್ಟಿದರು. ಆ ಪಾತ್ರವನ್ನು ಸ್ಟೀವ್ ಬುಶೆಮಿ ಚೆನ್ನಾಗಿ ಮಾಡಿದ್ದಾನೆ, ಒಪ್ತೀನಿ. ಆದರೆ ಸೀಮೋರ್ ಬಂದದ್ದೇ ರೆಬೆಕ್ಕಾ ಮೂಲೆಗೆ ಸರಿದಳು.

ಪುಸ್ತಕದ ಜೀವವೇ ಈನಿಡ್–ರೆಬೆಕ್ಕಾ ಜೋಡಿ. ಊರಿನವರನ್ನೆಲ್ಲ ಆಡಿಕೊಂಡು ನಗುವವರು, ಜಗಳವೂ ಸರಿಯಾಗಿ ಆಡದೆ ದೂರವಾಗ್ತಾರೆ. ಪುಟಗಳಲ್ಲಿ ಕಪ್ಪು-ಬಿಳುಪಿನ ಮೇಲೆ ಬರೀ ಒಂದು ಮಾಸಲು ನೀಲಿ-ಹಸಿರು ಛಾಯೆ, ಸಂಜೆ ಹೊತ್ತು ಟೀವಿ ಬೆಳಕು ಗೋಡೆಗೆ ಬಿದ್ದ ಹಾಗೆ.

ಅಂದಹಾಗೆ, ಸಿನಿಮಾದ ಶುರುವಿನಲ್ಲಿ ಈನಿಡ್ ಕುಣಿಯೋದು 1965ರ ‘ಗುಮ್‌ನಾಮ್’ ಚಿತ್ರದ ರಫಿ ಹಾಡಿಗೆ. ಅದು ಪುಸ್ತಕದಲ್ಲಿಲ್ಲ, ಸಿನಿಮಾದ್ದೇ ಸೊತ್ತು!