ಪ್ರತಿಕ್ರಿಯೆ: 40 ಸ್ಕೈಡೈವ್ ಆಗಿದೆ, ಬಿಲ್ಡಿಂಗಿಂದ ಒಬ್ಬನೇ ಹಾರಬಹುದಾ?

40 ಸ್ಕೈಡೈವ್ ಆಗಿದೆ, ಇನ್ನು ರಾತ್ರಿ ಹೊತ್ತು ಬಿಲ್ಡಿಂಗಿಂದ ಒಬ್ನೇ ಬೇಸ್ ಜಂಪ್ (ಕಟ್ಟಡ, ಸೇತುವೆ, ಬಂಡೆಯಂಥ ಎತ್ತರದ ಜಾಗದಿಂದ ಪ್ಯಾರಾಚೂಟ್ ಹಾಕ್ಕೊಂಡು ಹಾರೋದು) ಮಾಡ್ಬಹುದಾ ಅಂತ ಕೇಳಿದೀರ. ದಯವಿಟ್ಟು ಬೇಡ, ಈಗಂತೂ ಬೇಡವೇ ಬೇಡ.

ಸ್ಕೈಡೈವಲ್ಲಿ, ಅಂದ್ರೆ ವಿಮಾನದಿಂದ ಹಾರುವಾಗ, ಬೆನ್ನ ಮೇಲೆ ಎರಡು ಪ್ಯಾರಾಚೂಟ್ ಇರುತ್ತೆ, ಬೇಸ್ ಜಂಪಲ್ಲಿ ಒಂದೇ, ಯಾಕಂದ್ರೆ 100 ಮೀಟರ್ ಮೇಲಿಂದ ಬಿದ್ರೆ ಸುಮಾರು ನಾಲ್ಕೂವರೆ ಸೆಕೆಂಡಲ್ಲಿ ನೆಲ, ಎರಡನೇದು ಬಿಚ್ಚೋಕೆ ಟೈಮೇ ಇರಲ್ಲ. ಆದ್ರೆ ಬಿಲ್ಡಿಂಗಲ್ಲಿ ನನಗೆ ಜಾಸ್ತಿ ಭಯ ಅದು ತೆರೆಯದೇ ಇರೋದಲ್ಲ, ದಿಕ್ಕು ತಪ್ಪಿ ತೆರೆಯೋದು. ಬೆನ್ನ ಹಿಂದೇನೇ ಗೋಡೆ ಇರುತ್ತಲ್ಲ, ಪ್ಯಾರಾಚೂಟ್ ಅದರ ಕಡೆ ಮುಖ ಮಾಡ್ಕೊಂಡು ತೆರ್ಕೊಂಡ್ರೆ ರೈಸರ್ (ಪ್ಯಾರಾಚೂಟ್ ಹಗ್ಗಗಳನ್ನ ಮೈಮೇಲಿನ ಬೆಲ್ಟಿಗೆ ಸೇರಿಸೋ ಪಟ್ಟಿ) ಎಳೆದು ತಿರುಗಿಸೋಕೆ ಸಿಗೋದು ಒಂದು ಉಸಿರಿನಷ್ಟು ಹೊತ್ತು. ಕಟ್ಟಡದ ಮೂಲೆಗಳಲ್ಲಿ ಗಾಳಿ ಬೇರೆ ಸುಳಿ ಸುತ್ತುತ್ತೆ.

ಒಬ್ಬಂಟಿತನದ ಸೆಳೆತ ನನಗೆ ಅರ್ಥ ಆಗುತ್ತೆ. ಅಂಚಲ್ಲಿ ನಿಂತಾಗ ಮುದುರಿ ಹಿಡಿದ ಪೈಲಟ್ ಚೂಟ್ (ದೊಡ್ಡ ಪ್ಯಾರಾಚೂಟನ್ನ ಹೊರಗೆ ಎಳೆಯೋ ಪುಟ್ಟ ಪ್ಯಾರಾಚೂಟ್) ಬಟ್ಟೆ ಬೆವರಿಗೆ ಅಂಗೈಗೆ ಅಂಟ್ಕೊಳ್ಳುತ್ತೆ, ಚಪ್ಪಾಳೆ ತಟ್ಟೋರಿಲ್ಲ, ಇಳಿದ್ಮೇಲೆ ಎಲ್ಲಾ ಬಾಚಿ ಬ್ಯಾಗಿಗೆ ತುಂಬ್ಕೊಂಡು ಸುಮ್ನೆ ನಡೆದು ಹೋಗೋದು. ಆದ್ರೆ ಕಾಲು ಮುರಿದ್ರೆ ಕೂಗು ಕೇಳಿಸ್ಕೊಳ್ಳೋರೂ ಇರಲ್ಲ. ಕೆಳಗೆ ಫೋನ್ ಹಿಡ್ಕೊಂಡು ಒಬ್ರು ಇರ್ಲೇಬೇಕು. (ಅನುಮತಿ ಇಲ್ದೆ ಹತ್ತಿದ್ರೆ ಪೊಲೀಸ್ ಕೇಸೂ ಆಗುತ್ತೆ.)

ಈ ಆಟಕ್ಕೆ ಬೇಸ್ ಅಂತ ಹೆಸರು ಬರೋಕೆ ಕಾರಣರಾದ ಕಾರ್ಲ್ ಬೇನಿಶ್ ಅಂಥೋರೇ 1984ರಲ್ಲಿ ನಾರ್ವೆಯ ಬಂಡೆಯಿಂದ ಹಾರಿ ತೀರ್ಕೊಂಡ್ರು.

ಮೊದಲು 200 ಸ್ಕೈಡೈವ್ ದಾಟಿ, ಆಮೇಲೆ ಕಲಿಸೋರ ಜೊತೆ ಸೇತುವೆಯಿಂದ ಶುರು ಮಾಡಿ. ಅಮೆರಿಕದ ಐಡಹೋದಲ್ಲಿ ಪೆರಿನ್ ಸೇತುವೆ ಇದೆ, 486 ಅಡಿ, ಕೆಳಗೆ ನದಿ, ವರ್ಷಪೂರ್ತಿ ಪರ್ಮಿಟ್ ಇಲ್ದೇನೇ ಹಾರಬಹುದು.

ಅಂದಹಾಗೆ ಆ 40ರಲ್ಲಿ ಅಂದ್ಕೊಂಡ ಜಾಗದಲ್ಲೇ ಎಷ್ಟು ಸಲ ಇಳಿದ್ರಿ? ಹೇಳಿ.